ಕಾಪು ಸ್ಟಾಪಿನ ಆರು ನಿಮಿಷ

ಕಲ್ಯಾಣಪುರ
12 ಜೂನ್ 2025

ಸಯೀದ್,

ನನ್ನ ಕೈಯಿಂದ ಕಾಗದ ಬರೆಸಿದೆಯಲ್ಲ, ಮೊದಲು ಅದಕ್ಕೇ ನಿನಗೆ ಬೈಯಬೇಕು. ಐದನೇ ಕ್ಲಾಸಿಗೆ ಶಾಲೆ ಬಿಟ್ಟವನು ನಾನು. ಆಮೇಲೆ ಬರೆದದ್ದು ಬಸ್ಸಿನ ಟ್ರಿಪ್ ಶೀಟ್ ಮಾತ್ರ. ನಾಲ್ಕು ಸಲ ನಿನಗೆ ಫೋನ್ ಮಾಡಿದೆ. ಮೂರು ಸಲ ನನ್ನ ಹಲೋ ಕೇಳಿ ಕಟ್ ಮಾಡಿದೆ. ನಾಲ್ಕನೇ ಸಲ ನಾನು ಹಲೋ ಹೇಳಲೇ ಇಲ್ಲ, ಸುಮ್ಮನೆ ಉಸಿರು ಬಿಟ್ಟೆ. ಅದನ್ನೂ ಗುರುತು ಹಿಡಿದು ಕಟ್ ಮಾಡಿದೆ.

ನಿನ್ನ ಮಗಳು ಮುನೀರಾ ಹೋದ ವಾರ ಉಡುಪಿಯಲ್ಲಿ ಬಟ್ಟೆ ಅಂಗಡಿಯ ಎದುರು ಸಿಕ್ಕಿದಳು. "ಅಂಕಲ್, ಬಾಪ ಫೋನಿನಲ್ಲಿ ಮಾತಾಡ್ಲಿಕ್ಕಿಲ್ಲ. ಕಾಗದ ಬಂದ್ರೆ ಓದ್ತಾರೆ. ಬ್ಯಾಂಕಿನಿಂದ ಬಂದದ್ದನ್ನೂ ಎರಡು ಸಲ ಓದ್ತಾರೆ" ಅಂದಳು. ನನ್ನನ್ನು ನೋಡಿ ನಗುತ್ತಿದ್ದಳು. ಚಿಕ್ಕವಳಿದ್ದಾಗ ನಿನ್ನ ಪಕ್ಕದ ಇಂಜಿನ್ ಪೆಟ್ಟಿಗೆಯ ಮೇಲೆ ಕೂತು ನನ್ನ ಕಿಸೆಯ ಪೆಪ್ಪರ್‌ಮಿಂಟ್ ಖಾಲಿ ಮಾಡಿದವಳು ಅವಳು. ಅವಳ ಮಗಳು ಜುಮಾನಾಳಿಗೆ ಸೆಪ್ಟೆಂಬರ್ 21ಕ್ಕೆ ಮದುವೆಯಂತೆ. ಹಳೆಯ ಬಸ್ಸಿನವರಿಗೆಲ್ಲ ಮದುವೆ ಕಾಗದ ಹೋಗುತ್ತದಂತೆ. ಉಡುಪಿ ಬಸ್ ಸ್ಟ್ಯಾಂಡಿನ ಟೈಮ್ ಕೀಪರ್ ಭೋಜನಿಗೆ ಈಗಲೇ ಹೇಳಿಯಾಗಿದೆಯಂತೆ. ಭೋಜ ನಿನಗೆ ಯಾವ ಕಾಲದ ಸಂಬಂಧಿಕ? ನನಗೆ ಹೇಳಿಲ್ಲ. ಹೇಳಬೇಕೆಂದು ನಾನು ಕೇಳುವುದೂ ಇಲ್ಲ. ನಿನ್ನ ಬಿರಿಯಾನಿ ತಿನ್ನದೆ ನಾನು ಇಪ್ಪತ್ತೇಳು ವರ್ಷ ಬದುಕಿದ್ದೇನೆ.

ನನ್ನ ಮಾತು ಅಂದಿಗೂ ಇಂದಿಗೂ ಒಂದೇ. 1998ನೇ ಇಸವಿ, ನವೆಂಬರ್ 16, ಸೋಮವಾರ. ಕಾರ್ಕಳದಿಂದ ಪಡುಬಿದ್ರಿ ಮೇಲೆ ಮಣಿಪಾಲಕ್ಕೆ ಹೋಗುವ ನಮ್ಮ ಬಸ್ಸು. ನೀನು ಡ್ರೈವರ್, ನಾನು ಕಂಡಕ್ಟರ್, ಹದಿನಾಲ್ಕು ವರ್ಷದ ಜೋಡಿ. ಕಾಪು ಸ್ಟಾಪಿಗೆ 8.52ಕ್ಕೆ ಬಂದೆವು, 8.53ಕ್ಕೆ ಬಿಡಬೇಕು. ಐದು ನಿಮಿಷ ಹಿಂದೆ ಬೇರೆ ಕಂಪನಿಯ ನೀಲಿ ಬಸ್ಸು ಬರುತ್ತಾ ಉಂಟು. ಯಾರೋ ಒಬ್ಬ ತಲೆಕೆಟ್ಟ ಮುದುಕ ಹತ್ತಿದ. ಕೈಯಲ್ಲಿ ಸರಿಯಾದ ಹಣ ಇಲ್ಲ, ಬಾಯಿ ಮಾತ್ರ ಉಂಟು. ನಾನು ಅವನನ್ನು ಇಳಿಸಿ, ಹೊರಡು ಅಂತ ಡಬಲ್ ಸೀಟಿ ಹೊಡೆದೆ. ನೀನು ಹತ್ತು ಮಾರು ಹೋಗಿ ಅದೇ ಮುದುಕನಿಗೋಸ್ಕರ ಮತ್ತೆ ಬ್ರೇಕ್ ಹಾಕಿದೆ. ಒಟ್ಟು ಆರು ನಿಮಿಷ ಹೋಯಿತು. ನೀಲಿ ಬಸ್ಸು ನಮ್ಮನ್ನು ದಾಟಿ ಉಡುಪಿಯ ತನಕ ಎಲ್ಲ ಸ್ಟಾಪಿನ ಜನರನ್ನೂ ಬಾಚಿಕೊಂಡು ಹೋಯಿತು. ಉಡುಪಿಯಲ್ಲಿ ಭೋಜ ಕೇಳಿದ, "ಲೇಟ್ ಯಾರಿಂದ?" "ಡ್ರೈವರ್ ನಿಲ್ಲಿಸಿದ" ಅಂದೆ. ಸುಳ್ಳಾ? ನಿಲ್ಲಿಸಿದ್ದು ನೀನೇ ಅಲ್ವಾ? ಧಣಿಗಳು ನಿನ್ನನ್ನು ಆ ಬಸ್ಸಿನಿಂದ ತೆಗೆದರು. ನೀನು ಮಲ್ಪೆಯ ಮೀನು ಲಾರಿ ಓಡಿಸಲಿಕ್ಕೆ ಹೋದೆ. ಅಂದಿನಿಂದ ನನ್ನ ಕಡೆ ಮುಖ ತಿರುಗಿಸಿಲ್ಲ.

ಈಗ ಯಾಕೆ ಬರೆದೆ ಅಂದರೆ, ನನ್ನ ಕೈಗೆ ಒಂದು ಯಂತ್ರ ಬಂದಿದೆ. ಆ ದಿನಕ್ಕೇ ಹೋಗಿ ಯಾರ ತಪ್ಪೆಂದು ಕಣ್ಣಾರೆ ನೋಡಿ ಬರಬಹುದು. ನೋಡಿ ಬಂದು ನಿನ್ನ ಮುಖಕ್ಕೆ ಹಿಡಿಯುತ್ತೇನೆ. ಉತ್ತರ ಬರೆ.

ಎಡ್ಮಂಡ್


ಉಚ್ಚಿಲ
20 ಜೂನ್ 2025

ಎಡ್ಮಂಡ್‌ಗೆ,

ಕಾಗದ ಸಿಕ್ಕಿತು. ಎರಡು ಸಲ ಓದಿದೆ. ಅಕ್ಷರ ಟ್ರಿಪ್ ಶೀಟಿನಲ್ಲಿ ಇದ್ದ ಹಾಗೆಯೇ ಉಂಟು, ಆಗಲೂ ನಾನೇ ಭೋಜನಿಗೆ ಓದಿ ಹೇಳಬೇಕಾಗಿತ್ತು.

ನಿನ್ನ ಯಂತ್ರದ ಮಾತು ನನಗೆ ಬೇಡ. ಎಪ್ಪತ್ತು ವರ್ಷಕ್ಕೆ ಕೆಲವರಿಗೆ ಹೀಗೆ ಆಗುತ್ತದೆ. ಬಿಸಿಲಲ್ಲಿ ತಿರುಗಬೇಡ.

ನಿನ್ನನ್ನು ಕಟ್ಟಿಕೊಂಡ ಬರ್ತಾಬಾಯಿಗೆ ಸಲಾಂ ಹೇಳು. ನಿನಗೆ ಹೇಳಿದ್ದಲ್ಲ.

ಸಯೀದ್


ಕಲ್ಯಾಣಪುರ
4 ಜುಲೈ 2025

ಸಯೀದ್,

ಇದು ಮಳೆಗಾಲ. ಬಿಸಿಲಲ್ಲಿ ತಿರುಗಬೇಡ ಅಂತ ಬರೆದವನಿಗೆ ತಲೆ ಸರಿ ಇಲ್ಲವೋ ನನಗೋ?

ಯಂತ್ರದ ವಿಷಯ ಸರಿಯಾಗಿ ಕೇಳು. ನಾನು ರಿಟೈರ್ ಆದಾಗ ಧಣಿಗಳ ಮಗ ಒಂದು ಶಾಲು, ಒಂದು ಬುಟ್ಟಿ ಮೂಸಂಬಿ, ಮತ್ತೆ ನನ್ನದೇ ಕೆಟ್ಟುಹೋದ ಟಿಕೆಟ್ ಮೆಷಿನ್ ಕೊಟ್ಟ. ನೀನು ಬಿಟ್ಟ ಮೇಲೆ ಬಂದ ಮೆಷಿನ್ ಅದು. ಕೈಯಲ್ಲಿ ಹಿಡಿದು ಗುಂಡಿ ಒತ್ತಿದರೆ ಟಿಕೆಟ್ ಹೊರಗೆ ಬರುತ್ತದೆ. ಮೂಸಂಬಿ ಮುಗಿಯಿತು, ಶಾಲು ಬರ್ತಾ ಮಿಕ್ಸಿಗೆ ಮುಚ್ಚಿದಳು, ಮೆಷಿನ್ ಕಪಾಟಿನಲ್ಲಿ ಇತ್ತು. ಮೇ ತಿಂಗಳಲ್ಲಿ ಕಾರ್ಕಳ ಬಸ್ ಸ್ಟ್ಯಾಂಡಿನ ಹತ್ತಿರ ಇಂಥ ಮೆಷಿನ್ ರಿಪೇರಿ ಮಾಡುವ ದೇಜಪ್ಪನಿಗೆ ಕೊಟ್ಟೆ. ಮಣಿಪಾಲದಲ್ಲಿ ಯಾವುದೋ ಹಾಸ್ಟೆಲ್ ಖಾಲಿ ಮಾಡಿದಾಗ ಗುಜರಿಗೆ ಬಂದ ಒಂದು ಪೆಟ್ಟಿಗೆ ಅವನಲ್ಲಿ ಇತ್ತು. ಅದರೊಳಗಿನ ಒಂದು ಬಿಲ್ಲೆ ನನ್ನ ಮೆಷಿನಿಗೆ ಹಾಕಿದ. ಕಾಗದದ ರೋಲೂ ಅದೇ ಪೆಟ್ಟಿಗೆಯದ್ದು. "ಆನ್ ಆಗ್ತದೆ ಎಡ್ಮಂಡಣ್ಣ, ಮತ್ತೆ ಎಂತ ಆಗ್ತದೆ ನಂಗೆ ಗೊತ್ತಿಲ್ಲ" ಅಂದ. ಪ್ರಾಮಾಣಿಕ ಮನುಷ್ಯ.

ಅದು ಎಲ್ಲಿಗೆ ಅಂತ ಕೇಳುತ್ತದೆ. ಕಾರ್ಕಳ, ನಿಟ್ಟೆ, ಬೆಳ್ಮಣ್, ಪಡುಬಿದ್ರಿ, ಉಚ್ಚಿಲ, ಕಾಪು, ಕಟಪಾಡಿ, ಉಡುಪಿ, ಮಣಿಪಾಲ, ನಮ್ಮ ಲೈನಿನ ಸ್ಟೇಜುಗಳೇ ಉಂಟು. ಆಮೇಲೆ ಯಾವ ದಿನ, ಎಷ್ಟು ಗಂಟೆ ಅಂತ ಕೇಳುತ್ತದೆ. ಒತ್ತಿದರೆ ಟಿಕೆಟ್ ಬರುತ್ತದೆ. ಟಿಕೆಟ್ ಕೈಗೆ ತೆಗೆದುಕೊಂಡ ಕೂಡಲೇ ನೀನು ಆ ದಿನ, ಆ ಗಂಟೆಗೆ, ಆ ಸ್ಟಾಪಿನಲ್ಲಿ ನಿಂತಿರುತ್ತೀ. ಟಿಕೆಟ್ ಎರಡು ತುಂಡು ಮಾಡಿದರೆ ವಾಪಸ್ ಮನೆ. ಇಷ್ಟೇ. ಇದರಲ್ಲಿ ಅರ್ಥ ಆಗದ್ದು ಎಂತ ಉಂಟು?

ಮೊದಲ ಸಲ ಗುಂಡಿ ತಪ್ಪಿ ಹಾಫ್ ಟಿಕೆಟ್ ಒತ್ತಿದೆ. ಮಳೆ ಬೇಡವೆಂದು ಏಪ್ರಿಲ್ ತಿಂಗಳ ಒಂದು ಬೆಳಿಗ್ಗೆ, ಕಾಪುವಿಗೆ. ಹಾಫ್ ಟಿಕೆಟಿಗೆ ಅರ್ಧ ದಾರಿಯೇ ಸಿಗುವುದು ಅಂತ ನನಗೇನು ಗೊತ್ತು? ಉದ್ಯಾವರ ಹೊಳೆಯಲ್ಲಿ ಸೊಂಟದ ತನಕ ನೀರಿನಲ್ಲಿ ನಿಂತಿದ್ದೆ. ಮರುವಾಯಿ ಚಿಪ್ಪು ಹೆಕ್ಕುವ ಇಬ್ಬರು ಹೆಂಗಸರು ನನ್ನನ್ನು ನೋಡಿದರು. "ಎಂತ ಅಜ್ಜ, ಇಲ್ಲಿ ಸ್ಟಾಪ್ ಉಂಟಾ?" ಅಂತ ಒಬ್ಬಳು ಕೇಳಿದಳು. ಒದ್ದೆ ಟಿಕೆಟ್ ಹರಿಯಲು ಐದು ನಿಮಿಷ ಬೇಕಾಯಿತು. ಅಷ್ಟರಲ್ಲಿ ಅವರು ನನ್ನ ಕೈಯಲ್ಲೂ ಒಂದು ಬುಟ್ಟಿ ಹಿಡಿಸಿದ್ದರು. ಇನ್ನೊಂದು ಸಲ ಲಗೇಜ್ ಗುಂಡಿ ಒತ್ತಿ ಕೊಡೆ ಮಾತ್ರ ಬೆಳ್ಮಣ್‌ಗೆ ಹೋಯಿತು. ಅದು ಇನ್ನೂ ಬಂದಿಲ್ಲ.

ಆದರೆ ದೊಡ್ಡ ನಷ್ಟ ಮಾಡಿದ್ದು ಬರ್ತಾ. ನಾನು ಒದ್ದೆಯಾಗಿ ಬಂದದ್ದನ್ನು ನೋಡಿ, "ಸಾಯ್ಬಾ ಭೊಗೊಸ್" ಎಂದು ದೇವರ ಹತ್ತಿರ ಕ್ಷಮೆ ಕೇಳಿ, ಮರುದಿನದಿಂದ ತಾನೇ ಹೊರಟಳು. ಈಗ ಬೋಟ್ ಬಂದ್ ಅಲ್ವಾ, ಮೀನಿಗೆ ಚಿನ್ನದ ರೇಟು. ಅವಳು ಚೀಲ ಹಿಡಿದು ಜನವರಿ ತಿಂಗಳ ಉಚ್ಚಿಲಕ್ಕೆ ಹೋಗಿ ತಾಜಾ ಬಂಗುಡೆ ತರುತ್ತಾಳೆ. ಒಂಬತ್ತು ಟಿಕೆಟ್ ಮೀನಿಗೇ ಹೋಯಿತು. ಪಕ್ಕದ ಮನೆಯ ವಿಲ್ಮಾ ಬೇಲಿಯ ಹತ್ತಿರ ನಿಂತು ಮೂಗು ಅರಳಿಸುತ್ತಾಳೆ. ನಿನ್ನೆ ನೋಡಿದರೆ ಕಾಗದದ ಎರಡೂ ಬದಿಯಲ್ಲಿ ಕೆಂಪು ಗೆರೆ ಬಂದಿದೆ. ರೋಲ್ ಮುಗಿಯುತ್ತಾ ಬಂತು. ಬೇರೆ ರೋಲ್ ಹಾಕಿ ನೋಡಿದೆ, ಬರೀ ಟಿಕೆಟ್ ಬರುತ್ತದೆ, ನಾನು ಕುರ್ಚಿಯಲ್ಲೇ ಇರುತ್ತೇನೆ. ಇನ್ನು ಎರಡು ಟಿಕೆಟಿಗೆ ಸಾಕು.

ಅದರಲ್ಲಿ ಒಂದು ಕಾಪುವಿಗೆ. ಸಾಮಾನ್ಯ ಪ್ರಯಾಣಿಕನ ಹಾಗೆ ಹತ್ತಿ, ಬಾಯಿ ಮುಚ್ಚಿ ಕೂತು, ವಾಚ್ ನೋಡಿ ಬರುತ್ತೇನೆ. ನಿನ್ನ ತಪ್ಪು ನಿಮಿಷದ ಲೆಕ್ಕದಲ್ಲಿ ಬರೆದು ಕಳಿಸುತ್ತೇನೆ.

ಎಡ್ಮಂಡ್


ಕಲ್ಯಾಣಪುರ
21 ಜುಲೈ 2025

ಸಯೀದ್,

ಹೋಗಿ ಬಂದೆ. ನೋಡಿದೆ. ತಪ್ಪು ನಿನ್ನದಲ್ಲ.

ಮುಂದಿನದ್ದು ಕೇಳಬೇಡ. ವಿಷಯ ಇಲ್ಲಿಗೆ ಮುಗಿಸುವ. ಇಬ್ಬರಿಗೂ ಪ್ರಾಯ ಆಯಿತು. ಮಳೆ ಜೋರುಂಟು. ಮುನೀರಾಳಿಗೆ ನನ್ನ ವಿಳಾಸ ಬೇಕಾದರೆ ಈ ಕಾಗದದ ಮೇಲೆ ಉಂಟು, ಪಿನ್‌ಕೋಡ್ ಸಮೇತ ಬರೆದಿದ್ದೇನೆ.

ಎಡ್ಮಂಡ್


ಉಚ್ಚಿಲ
29 ಜುಲೈ 2025

ಎಡ್ಮಂಡ್‌ಗೆ,

ತಪ್ಪು ನನ್ನದಲ್ಲ ಅಂತ ನನಗೆ ಇಪ್ಪತ್ತೇಳು ವರ್ಷದಿಂದ ಗೊತ್ತುಂಟು. ಅದನ್ನು ಹೇಳಲಿಕ್ಕೆ ನಿನ್ನ ಯಂತ್ರ ಬೇಡ. ಯಾರದ್ದು ಅಂತ ಹೇಳು. ಅರ್ಧ ದಾರಿಯಲ್ಲಿ ಇಳಿಸುವ ಅಭ್ಯಾಸ ನಿನಗೆ ಆಗಲೂ ಇತ್ತು.

ಸಯೀದ್

ಅಂಕಲ್, ಮುನೀರಾ ಬರೆಯುವುದು. ಬಾಪ ನಿಮ್ಮ ಕಾಗದವನ್ನು ಈ ಸಲ ಐದು ಸಲ ಓದಿದರು. ಆಮೇಲೆ ಜಗಲಿಗೆ ಹೋಗಿ ಒಬ್ಬರೇ ಕೂತರು. ಉಮ್ಮ ಚಾ ಕೊಟ್ಟರೆ ಮರೆತು ತಣ್ಣಗೆ ಮಾಡಿದರು. ಎಂತ ನೋಡಿದಿರಿ ಅಂತ ದಯವಿಟ್ಟು ಬರೆಯಿರಿ. ನಮಗೂ ಚಾ ದಂಡ ಆಗುತ್ತದೆ.


ಕಲ್ಯಾಣಪುರ
8 ಆಗಸ್ಟ್ 2025

ಸಯೀದ್,

ಇದನ್ನು ಬರೆಯಲಿಕ್ಕೆ ಮೂರು ಸಲ ಕೂತೆ, ಮೂರು ಸಲ ಎದ್ದೆ. ಬರ್ತಾ ಬಂದು "ನೀವು ಬರೆಯದಿದ್ದರೆ ನಾನು ಬರೀತೇನೆ, ನನ್ನ ಅಕ್ಷರ ಚಂದ ಉಂಟು" ಅಂದಳು. ಅವಳು ಬರೆದರೆ ಇನ್ನೂ ನಾಲ್ಕು ಸೇರಿಸುತ್ತಾಳೆ. ಅದಕ್ಕೆ ನಾನೇ ಬರೆಯುತ್ತೇನೆ. ನಡುವೆ ನಗಬೇಡ.

8.50ಕ್ಕೆ ಕಾಪು ಸ್ಟಾಪಿನಲ್ಲಿ ನಿಂತಿದ್ದೆ. ಬಿಳಿ ಅಂಗಿ ಹಾಕಿದ್ದೆ, ಭಾನುವಾರ ಇಗರ್ಜಿಗೆ ಹಾಕುವಂಥದ್ದು. ರಸ್ತೆ ಸಪೂರ, ಮೇಲ್ಸೇತುವೆ ಇಲ್ಲ, ಮರ ಇದ್ದ ಜಾಗದಲ್ಲಿ ಮರ ಇತ್ತು. ನಮ್ಮ ಬಸ್ಸು ಬಂತು. ಅದನ್ನು ನೋಡಿ ಎರಡು ಸಲ ಕಣ್ಣು ಒರೆಸಿದೆ, ಧೂಳು ಇತ್ತು.

ಹಿಂದಿನ ಬಾಗಿಲಿನಿಂದ ಹತ್ತಿದೆ. ಕಂಡಕ್ಟರ್ ಬಂದ. ಕಡ್ಡಿಯ ಹಾಗೆ ಇದ್ದ, ಮೀಸೆ ಮಾತ್ರ ಎರಡು ಜನರಿಗೆ ಆಗುವಷ್ಟು. "ಟಿಕೆಟ್" ಅಂದ. ಬಾಯಿ ಮುಚ್ಚಿಕೊಂಡು ನನ್ನ ಮೆಷಿನಿನ ಟಿಕೆಟ್ ತೋರಿಸಿದೆ. ಅವನು ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಇದು ಮೆಡಿಕಲಿನ ಬಿಲ್ಲು ಅಜ್ಜ. ಬಸ್ಸಿನ ಟಿಕೆಟ್ ತೆಗೀರಿ" ಅಂದ. ಆಗ ಪುಸ್ತಕದಿಂದ ಹರಿದು ಕೊಡುವ ಬಣ್ಣದ ಟಿಕೆಟ್ ಅಲ್ವಾ, ನಾನು ಅದನ್ನು ಮರೆತೇ ಬಿಟ್ಟಿದ್ದೆ. ಕಿಸೆಯಿಂದ ಇನ್ನೂರರ ನೋಟು ತೆಗೆದು ಕೊಟ್ಟೆ. ಅವನು ಅದನ್ನು ಮೇಲೆತ್ತಿ ಇಡೀ ಬಸ್ಸಿಗೆ ತೋರಿಸಿದ. "ನೋಡಿ ಮಾರಾಯ್ರೆ, ಇನ್ನೂರು ರೂಪಾಯಿಯ ನೋಟಂತೆ. ಅಜ್ಜನ ಮನೆಯಲ್ಲೇ ಪ್ರಿಂಟ್ ಆದದ್ದು." ಎಲ್ಲರೂ ನಕ್ಕರು.

ಸಯೀದ್, ನನಗೆ ಸಿಟ್ಟು ಬಂತು. ನನ್ನ ಸಿಟ್ಟು ನಿನಗೆ ಗೊತ್ತುಂಟು. "ನೀನು ಹುಟ್ಟುವ ಮೊದಲೇ..." ಅಂತ ಶುರು ಮಾಡಿದೆ. ಅವನು ಹುಟ್ಟಿದ್ದು ಯಾವಾಗ ಅಂತ ನೆನಪಾಗಿ ನಿಲ್ಲಿಸಿದೆ. "ಪ್ರಾಯದವರಿಗೆ ಮರ್ಯಾದೆ ಕೊಡ್ಲಿಕ್ಕೆ ಕಲಿ" ಅಂದೆ. "ಪ್ರಾಯ ಆದ ಮೇಲೆ ಮರ್ಯಾದೆಯಲ್ಲಿ ಇರ್ಲಿಕ್ಕೆ ಕಲಿ" ಅಂದ. ಅಂಥ ಉತ್ತರ ಅವನಿಗೆ ಎಲ್ಲಿಂದ ಬರುತ್ತದೆ ಅಂತ ನನಗೇ ಆಶ್ಚರ್ಯ ಆಯಿತು. ನಾನು ಒಂದು ಅಂದರೆ ಅವನು ಎರಡು. ಅವನು ಎರಡು ಅಂದರೆ ನಾನು ನಾಲ್ಕು. ನಿಲ್ಲಿಸಲಿಕ್ಕೆ ಇಬ್ಬರಿಗೂ ಗೊತ್ತಿಲ್ಲ. ಆಗ ಮುಂದಿನಿಂದ ನೀನು ತಿರುಗಿ ನೋಡಿದೆ. ತಲೆಗೆ ಟುವಾಲು ಕಟ್ಟಿದ್ದೆ. "ಇರ್ಲಿ ಎಡ್ಮಂಡ್, ಪ್ರಾಯದವರು. ಕೂತ್ಕೊಳ್ಳಲಿ ಮಾರಾಯ, ನಾನು ಕೊಡ್ತೇನೆ ಟಿಕೆಟಿನದ್ದು" ಅಂದೆ.

ಅದಕ್ಕೆ ಅವನು ಎಂತ ಮಾಡಿದ ಗೊತ್ತುಂಟಾ? ನಿನಗೆ ಬೆನ್ನು ಹಾಕಿ, "ನಿನ್ನದು ಸ್ಟೇರಿಂಗ್, ನನ್ನದು ಟಿಕೆಟ್" ಅಂತ ಹೇಳಿ, ನನ್ನ ಟಿಕೆಟನ್ನು ನನ್ನ ಮುಖದ ಎದುರೇ ಚರ್ರೆಂದು ಎರಡು ತುಂಡು ಮಾಡಿದ.

ನಾನು ಕಲ್ಯಾಣಪುರದಲ್ಲಿ ಕುರ್ಚಿಯಲ್ಲಿ ಕೂತಿದ್ದೆ. ಬಾಯಿ ಇನ್ನೂ ತೆರೆದಿತ್ತು. ಉಳಿದ ಬೈಗುಳ ಬರ್ತಾಳಿಗೆ ಸಿಕ್ಕಿತು.

ಆ ಮುದುಕ ನಾನೇ, ಸಯೀದ್. ಇಳಿಸಿದೆ ಅಂತ ಬರೆದದ್ದು ಜಂಬಕ್ಕೆ, ಅಂದು ರಶ್ಶಿನಲ್ಲಿ ಅವನು ಕಾಣದಾದಾಗ ತಾನಾಗಿ ಇಳಿದು ಹೋದ ಅಂದುಕೊಂಡಿದ್ದೆ. ಇಪ್ಪತ್ತೇಳು ವರ್ಷ ಆ ಮುದುಕನಿಗೆ ಬೈದೆ, ಅವನಿಗೋಸ್ಕರ ನಿಲ್ಲಿಸಿದೆ ಅಂತ ನಿನಗೆ ಬೈದೆ. ವಾಚ್ ನೋಡಿದ್ದೆ. ಐದು ನಿಮಿಷ ಜಗಳಕ್ಕೇ ಹೋಗಿದೆ. ನೀನು ಮುಂದೆ ಹೋಗಿ ನಿಲ್ಲಿಸಿದ್ದು ಒಂದೇ ನಿಮಿಷ. ಬಸ್ಸನ್ನು ಲೇಟ್ ಮಾಡಿದವರು ಇಬ್ಬರು, ಆ ಇಬ್ಬರೂ ನಾನು. ಭೋಜ ಕೇಳಿದಾಗ ಹೆಸರು ಹೇಳಿದ್ದು ಮಾತ್ರ ನಿನ್ನದು.

ಈಗ ನಗು.

ಒಂದು ಟಿಕೆಟ್ ಉಳಿದಿದೆ. ಅದು ಬರ್ತಾಳಿಗೆ ಅಂತ ಆಗಿದೆ. ಮೀನಿಗಲ್ಲ. 1979ರಲ್ಲಿ ಅವಳನ್ನು ಬಸ್ಸಿಗೆ ಹತ್ತಿಸಲಿಕ್ಕೆ ಅವಳ ಅಮ್ಮ ಬೆಳ್ಮಣ್ ಸ್ಟಾಪಿನಲ್ಲಿ ನಿಲ್ಲುತ್ತಿದ್ದಳಂತೆ. ಒಂದು ಸಲ ದೂರದಿಂದ ನೋಡಬೇಕಂತೆ. ಒಂಬತ್ತು ಟಿಕೆಟ್ ಬಂಗುಡೆಗೆ ಹಾಕಿದ ಮೇಲೆ ಅವಳಿಗೆ ಇದು ನೆನಪಾದದ್ದು.

ಎಡ್ಮಂಡ್


ಉಚ್ಚಿಲ
18 ಆಗಸ್ಟ್ 2025

ಎಡ್ಮಂಡ್‌ಗೆ,

ನಗಲಿಲ್ಲ. ಮುನೀರಾ ನಕ್ಕಳು, ಜುಮಾನಾ ನೆಲದಲ್ಲಿ ಕೂತು ನಕ್ಕಳು.

ಆ ಮುದುಕ ನನಗೆ ಚೆನ್ನಾಗಿ ನೆನಪುಂಟು. ಆ ದಿನ ಮನೆಗೆ ಬಂದು ನನ್ನ ಹೆಂಡತಿ ಜುವೈರಿಯಾಳಿಗೆ ಹೇಳಿದ್ದೆ: ಕಾಪುವಿನಲ್ಲಿ ಇವತ್ತು ಒಬ್ಬ ಅಜ್ಜ ಹತ್ತಿದ, ನಮ್ಮ ಎಡ್ಮಂಡ್ ಮುದುಕ ಆದರೆ ಹೀಗೇ ಇರ್ತಾನೆ, ಅದೇ ಬಾಯಿ, ಅದೇ ಬೆರಳು ತೋರಿಸುವುದು. ಮುಂದೊಂದು ದಿನ ಇವನನ್ನೂ ಯಾರಾದರೂ ರಸ್ತೆಯಲ್ಲಿ ಇಳಿಸಿ ಹೋದರೆ ಅಂತ ಅನಿಸಿತು. ಅದಕ್ಕೇ ಬ್ರೇಕ್ ಹಾಕಿದೆ ಅಂದೆ. ಬೇಕಾದರೆ ಜುವೈರಿಯಾಳನ್ನು ಕೇಳು.

ಆದರೆ ನಿನ್ನ ಕಥೆ ನಾನು ಇಷ್ಟಕ್ಕೇ ನಂಬುವುದಿಲ್ಲ. ಜಗಳ ಇಡೀ ಬಸ್ಸು ನೋಡಿದೆ, ಯಾರಾದರೂ ಹೇಳಿಯಾರು. ನೀನು ಬರೆಯದೆ ಬಿಟ್ಟದ್ದು ಒಂದುಂಟು. ನೀನು ಡಬಲ್ ಸೀಟಿ ಹೊಡೆದೆ, ನಾನು ಬಿಟ್ಟೆ. ಕನ್ನಡಿಯಲ್ಲಿ ನೋಡಿದರೆ ಆ ಅಜ್ಜ ರಸ್ತೆಯಲ್ಲಿ ಓಡಿ ಬರುತ್ತಾ ಕೈ ಬೀಸುತ್ತಿದ್ದ. ನಿಲ್ಲಿಸಿದೆ. ಅವನು ನನ್ನ ಕಿಟಕಿಗೆ ಬಂದ. ನನ್ನ ಹೆಸರು ಹಿಡಿದು ಕರೆದ. ಒಂದು ಮಾತು ಹೇಳಿದ. ನನ್ನ ಕೈಯಲ್ಲಿ ಒಂದು ವಸ್ತು ಇಟ್ಟ. ನೀಲಿ ಬಸ್ಸು ಹಾರ್ನ್ ಹೊಡೆಯಿತು ಅಂತ ನಾನು ಮುಂದೆ ನೋಡಿ ಮತ್ತೆ ತಿರುಗುವಾಗ ಅವನು ಇರಲಿಲ್ಲ. ನೀನು ಹಿಂದಿನ ಬಾಗಿಲಿನಲ್ಲಿ ಸೀಟಿ ಊದುತ್ತಾ ಇದ್ದೆ, ನಿನಗೆ ಇದು ಗೊತ್ತಿಲ್ಲ. ನಾನು ಯಾರಿಗೂ ಹೇಳಿಲ್ಲ, ಜುವೈರಿಯಾಳಿಗೂ.

ಇನ್ನೊಂದು. ಹಿಂದಿನ ಬಾಗಿಲಲ್ಲಿ ಹತ್ತುವಾಗ ಅವನದ್ದು ಬಿಳಿ ಅಂಗಿ. ನನ್ನ ಕಿಟಕಿಯಲ್ಲಿ ನಿಂತಾಗ ನೀಲಿ ಚೌಕಳಿ ಅಂಗಿ, ಕಾಲರಿನಲ್ಲಿ ಅಂಗಡಿಯ ಚೀಟಿ ನೇತಾಡುತ್ತಿತ್ತು. ಇಷ್ಟು ವರ್ಷ ನನ್ನ ಕಣ್ಣಿನ ತಪ್ಪು ಅಂದುಕೊಂಡಿದ್ದೆ.

ಅವನು ಹೇಳಿದ್ದು ಎಂತ, ಕೊಟ್ಟದ್ದು ಎಂತ, ಬರೆ. ಸರಿ ಇದ್ದರೆ ಸರಿ. ತಪ್ಪಿದ್ದರೆ ಇನ್ನು ಕಾಗದ ಹಾಕಬೇಡ. ನಿನ್ನ ಹೆಸರು ಬರೆದ ಮದುವೆ ಕಾಗದ ಮುನೀರಾ ಕಪಾಟಿನ ಮೇಲೆ ಇಟ್ಟಿದ್ದಾಳೆ. ಸ್ಟ್ಯಾಂಪ್ ಅಂಟಿಸಿಲ್ಲ.

ಸಯೀದ್


ಕಲ್ಯಾಣಪುರ
2 ಸೆಪ್ಟೆಂಬರ್ 2025

ಸಯೀದ್,

ನಿನ್ನ ಕಾಗದ ಓದಿ ನಾನು ಬೆವರಿದೆ. ನಿನ್ನ ಕಿಟಕಿಯ ಹತ್ತಿರ ನಾನು ಬರಲೇ ಇಲ್ಲ. ಆ ಪೋಕರಿ ಟಿಕೆಟ್ ಹರಿದ ಕೂಡಲೇ ಮನೆಗೆ ಬಂದು ಬಿದ್ದವನು ನಾನು. ನೀಲಿ ಚೌಕಳಿ ಅಂಗಿ ನನ್ನ ಹತ್ತಿರ ಇಲ್ಲ. ಇದ್ದದ್ದು ಇದ್ದ ಹಾಗೆ ಬರೆದರೆ ನೀನು ನಂಬುವುದಿಲ್ಲ, ಸುಳ್ಳು ಬರೆಯಲಿಕ್ಕೆ ನನಗೆ ಉತ್ತರ ಗೊತ್ತಿಲ್ಲ. ಎರಡು ದಿನ ಊಟ ಸೇರಲಿಲ್ಲ.

ಬರ್ತಾಳಿಗೆ ಓದಿ ಹೇಳಿದೆ. ಅವಳು ಒಳಗೆ ಹೋಗಿ, ತನ್ನ ಸೀರೆಗಳ ಅಡಿಯಿಂದ ಒಂದು ಪ್ಲಾಸ್ಟಿಕ್ ಚೀಲ ತೆಗೆದು ತಂದಳು. ಒಳಗೆ ನೀಲಿ ಚೌಕಳಿ ಅಂಗಿ. ಉಡುಪಿಯಿಂದ ತಂದದ್ದಂತೆ.

"ಎಂತಕ್ಕೆ ಇದು?" ಅಂದೆ.

"ಜುಮಾನಾಳ ಮದುವೆಗೆ."

"ನಮಗೆ ಹೇಳಿಕೆಯೇ ಇಲ್ಲ."

"ಅದಕ್ಕೇ ಚೀಟಿ ಕೀಳಲಿಲ್ಲ. ಹೇಳಿಕೆ ಬರದಿದ್ರೆ ವಾಪಸ್ ಕೊಡುವ ಅಂತ."

ಆಮೇಲೆ ಮೆಷಿನ್ ತಂದು ನನ್ನ ಮಡಿಲಲ್ಲಿ ಇಟ್ಟಳು. "ಅದು ನಿನ್ನ ಅಮ್ಮನ ಟಿಕೆಟ್" ಅಂದೆ. "ನನ್ನ ಅಮ್ಮ ನನ್ನ ಮೇಲೆ ಸಿಟ್ಟು ಮಾಡಿಕೊಂಡು ಹೋದವಳಲ್ಲ. ಅವಳನ್ನು ನಾನು ಇಲ್ಲೇ ಕೂತು ನೆನಸ್ತೇನೆ. ನೀವು ಹೋಗಿ. ಬೇಗ ಬನ್ನಿ, ಅಂಗಿಗೆ ಕಲೆ ಮಾಡ್ಬೇಡಿ" ಅಂದಳು. ಈ ಹೆಂಗಸಿಗೆ ನಾನು ಮಿಕ್ಸಿಗೆ ಮುಚ್ಚಿದ ಶಾಲಿನ ವಿಷಯದಲ್ಲಿ ಒಂದು ವಾರ ಬೈದಿದ್ದೆ.

ಎಂತ ಹೇಳುವುದು ಅಂತ ಮನೆಯಲ್ಲಿ ಅರ್ಧ ದಿನ ಕೂತು ಬರೆದೆ. ಒಂದು ಪುಟ ಆಯಿತು. ಹದಿನಾಲ್ಕು ವರ್ಷದ ಜೋಡಿ, ನೀನು ನನ್ನ ಬುತ್ತಿಯಿಂದ ತಿಂದದ್ದು, ನಾನು ನಿನ್ನ ಬುತ್ತಿಯಿಂದ ತಿಂದದ್ದು, ಭೋಜನ ಎದುರು ಆಡಿದ ಮಾತು, ಎಲ್ಲ ಇತ್ತು. ಕಿಸೆಯಲ್ಲಿ ಇಟ್ಟುಕೊಂಡೆ. 8.57, ಕಾಪು ಅಂತ ಒತ್ತಿದೆ.

ಬಸ್ಸು ಆಗಲೇ ಹೊರಟಿತ್ತು. ಹಿಂದಿನ ಬಾಗಿಲಲ್ಲಿ ಆ ಮೀಸೆಯವನು "ರೈಟ್ ಪೋಯಿ" ಅಂತ ಕೂಗುತ್ತಿದ್ದ. ಎಪ್ಪತ್ತರಲ್ಲಿ ಬಸ್ಸಿನ ಹಿಂದೆ ಓಡುವುದು ಎಂಥದ್ದು ಅಂತ ನಿನಗೆ ಗೊತ್ತಿಲ್ಲ, ನೀನು ಯಾವಾಗಲೂ ಮುಂದೆ ಕೂತವನು. ನಿಲ್ಲುವುದಿಲ್ಲ ಅಂದುಕೊಂಡೆ. ನಿಂತಿತು.

ನಿನ್ನ ಕಿಟಕಿ ಹಿಡಿದು ನಿಂತೆ. ಉಸಿರು ಇಲ್ಲ. ಪುಟ ಕಿಸೆಯಲ್ಲೇ ಉಳಿಯಿತು. ಹಿಂದಿನಿಂದ ನೀಲಿ ಬಸ್ಸು ಬರುತ್ತಾ ಉಂಟು, ಮೀಸೆಯವನು ಸೀಟಿ ಊದುತ್ತಾ ಇದ್ದಾನೆ. ನಿನ್ನ ಗಡ್ಡದಲ್ಲಿ ಒಂದೂ ಬಿಳಿ ಕೂದಲು ಇರಲಿಲ್ಲ. "ಎಂತ ಅಜ್ಜ, ಪೆಟ್ಟಾಯ್ತಾ?" ಅಂತ ಕೇಳಿದೆ.

ನಾನು ಹೇಳಿದ್ದು ಇದು, ಒಂದಕ್ಷರ ಹೆಚ್ಚಿಲ್ಲ, ಕಡಿಮೆ ಇಲ್ಲ:

"ಸಯೀದ್, ಆ ಕಂಡಕ್ಟರನಿಗೆ ಬುದ್ಧಿ ಬರ್ಲಿಕ್ಕೆ ಸ್ವಲ್ಪ ಲೇಟ್ ಆಗ್ತದೆ. ನೀನು ಕಾಯು."

ಆಮೇಲೆ ಟಿಕೆಟಿನ ಒಂದು ತುದಿ ನಿನ್ನ ಅಂಗೈಯಲ್ಲಿ ಇಟ್ಟು ಎರಡು ತುಂಡು ಮಾಡಿದೆ. ಒಂದು ತುಂಡು ನಿನ್ನ ಕೈಯಲ್ಲೇ ಉಳಿದದ್ದು ನೆನಪುಂಟು, ಕಣ್ಣು ಬಿಡುವಾಗ ಬರ್ತಾ ಅಂಗಿಯ ಬೆನ್ನು ನೋಡುತ್ತಿದ್ದಳು. ಬೆವರಿನ ಕಲೆ ಆಗಿದೆ. ಅವಳು ಒಗೆದಿದ್ದಾಳೆ, ಚೀಟಿ ಒದ್ದೆಯಾಗದ ಹಾಗೆ ಕಾಲರ್ ಎತ್ತಿ ಹಿಡಿದು.

ನಿನ್ನ ಹತ್ತಿರ ಇರುವುದು ಒಂದು ತುಂಡು ಬಿಳಿ ಕಾಗದ. ಅದರಲ್ಲಿ ಈಗ ಎಂತದ್ದೂ ಇರಲಿಕ್ಕಿಲ್ಲ. ಮೆಷಿನಿನ ಅಕ್ಷರ ಒಂದು ವರ್ಷವೂ ನಿಲ್ಲುವುದಿಲ್ಲ, ಇಪ್ಪತ್ತೇಳು ವರ್ಷದ ಮಾತು ಬಿಡು. ಎರಡೂ ಬದಿಯಲ್ಲಿ ಕೆಂಪು ಗೆರೆ ಮಾತ್ರ ಉಳಿದಿರಬಹುದು. ನಿನ್ನ ಲೈಸೆನ್ಸಿನ ಕವರಿನಲ್ಲಿ ಇಟ್ಟಿರುತ್ತೀ ಅಂತ ನನ್ನ ಅಂದಾಜು, ನೀನು ಎಲ್ಲವನ್ನೂ ಅಲ್ಲೇ ಇಡುವವನು. ನನ್ನ ತುಂಡನ್ನು ಈ ಕಾಗದದ ಜೊತೆ ಇಟ್ಟಿದ್ದೇನೆ, ಅದರಲ್ಲಿ ಅಕ್ಷರ ಇನ್ನೂ ಕಪ್ಪಗೆ ಉಂಟು. ಹರಿದ ಕಡೆ ಜೋಡಿಸಿ ನೋಡು. ಕೂಡದಿದ್ದರೆ ನನ್ನ ಮುಖ ನೋಡಬೇಡ.

ಮೆಷಿನ್ ಈಗ ಬರೀ ಮೆಷಿನ್. ರೋಲ್ ಮುಗಿಯಿತು. ಮೊನ್ನೆ ಉಡುಪಿಗೆ ಹೋಗಿ ಭೋಜನಿಗೂ ಹೇಳಿದೆ, 1998ರ ಆ ಲೇಟ್ ಕಂಡಕ್ಟರನಿಂದ ಅಂತ. ಅವನು ನನ್ನನ್ನು ಕೂರಿಸಿ ನೀರು ಕೊಟ್ಟ. ಪುಸ್ತಕ ಗೆದ್ದಲು ತಿಂದಿದೆಯಂತೆ, ಬಾಯಲ್ಲೇ ತಿದ್ದಿಕೊಳ್ಳುತ್ತೇನೆ ಅಂದ.

ನಾನು ಹೇಳಿದ್ದು ಸರಿಯೋ ತಪ್ಪೋ, ನೀನು ಕಾದದ್ದು ಹೌದೋ ಅಲ್ಲವೋ, ಒಂದು ಗೆರೆ ಬರೆ. ಅಂಗಿಯನ್ನು ಅಂಗಡಿಯವರು ವಾಪಸ್ ತೆಗೆದುಕೊಳ್ಳುವುದು 13ರ ತನಕ ಮಾತ್ರ. ಶುಕ್ರವಾರ, ಸೆಪ್ಟೆಂಬರ್ 12ರ ಒಳಗೆ ನಿನ್ನ ಉತ್ತರ ನನ್ನ ಕೈಗೆ ಸಿಗಬೇಕು. ಮದುವೆ ಕಾಗದಕ್ಕೆ ಅಂಟಿಸುವ ಸ್ಟ್ಯಾಂಪ್ ಈ ಕವರಿನಲ್ಲೇ ಇಟ್ಟಿದ್ದೇನೆ.

ಎಡ್ಮಂಡ್